ಒಂದು ಹಾಡಿಗಾಗಿ ಅಂಗಲಾಚಿದ ಗಂಡಸಿನ ಊರು

18 ನಿಮಿಷ! ಇಂಟರ್‌ವೆಲ್ ಬಿಟ್ಟಾಗ ಹೊರಗೆ ಹೋಗಿ, ಒಂದು ಕಾಫಿ ಕುಡಿದು, ಹೀರೋ ಎಂಟ್ರಿ ಬಗ್ಗೆ ಗೆಳೆಯನ ಜೊತೆ ಜಗಳ ಕಾದು, ಕತ್ತಲಲ್ಲಿ ತಡಕಾಡುತ್ತ ಸೀಟಿಗೆ ವಾಪಸ್ಸು ಬರೋ ಹೊತ್ತು. ಅಷ್ಟರೊಳಗೆ ಶುರುವಾಗಿ ಮುಗಿದೇ ಹೋಗುವ ಚಿತ್ರವೊಂದು 2021ರಲ್ಲಿ ಡೆನ್ಮಾರ್ಕಿನಿಂದ ಬಂತು. ಹೆಸರು ‘ಆನ್ ಮೈ ಮೈಂಡ್’. ನಿರ್ದೇಶಕ ಮಾರ್ಟಿನ್ ಸ್ಟ್ರಾಂಗೆ-ಹ್ಯಾನ್ಸೆನ್. 2022ರ ಆಸ್ಕರ್ ಕಣದಲ್ಲಿ ಕೊನೆಯ ಐದು ಕಿರುಚಿತ್ರಗಳಲ್ಲಿ ಇದೂ ಒಂದು. ಪ್ರಶಸ್ತಿ ಹೊಡೆದದ್ದು ಮಾತ್ರ ಇಂಗ್ಲೆಂಡಿನ ‘ದಿ ಲಾಂಗ್ ಗುಡ್‌ಬೈ’. ಸೋತ ಚಿತ್ರಕ್ಕೆ ಇಷ್ಟುದ್ದ ಲೇಖನ ಯಾಕ್ರೀ ಅಂತೀರಾ? ಹೇಳ್ತೀನಿ, ಕೇಳಿ.

ಬೆಳಗಿನ ಹೊತ್ತು. ಗಿರಾಕಿಗಳಿಲ್ಲದ ಒಂದು ಸಣ್ಣ ಬಾರು. ದಪ್ಪ ಮೈಕಟ್ಟಿನ ಮಧ್ಯವಯಸ್ಸಿನ ಗಂಡಸೊಬ್ಬ ಒಳಗೆ ಬರುತ್ತಾನೆ. ಹೆಸರು ಹೆನ್ರಿಕ್. ವಿಸ್ಕಿ ಕೇಳುತ್ತಾನೆ, ಸಿಗುತ್ತೆ. ಅಷ್ಟರಲ್ಲಿ ಮೂಲೆಯಲ್ಲಿರೋ ಕ್ಯಾರಿಯೋಕೆ ಯಂತ್ರ ಅವನ ಕಣ್ಣಿಗೆ ಬೀಳುತ್ತೆ. ಅದೇರೀ, ಟ್ರ್ಯಾಕು ಬರ್ತಾ ಇರುತ್ತೆ, ಪರದೆ ಮೇಲೆ ಸಾಲು ಮೂಡ್ತಾ ಇರುತ್ತೆ, ನಾವು ಮೈಕ್ ಹಿಡಿದು ಹಾಡೋದು. ಹೆನ್ರಿಕ್ ಕೇಳುತ್ತಾನೆ: ನನ್ನ ಹೆಂಡತಿಗಾಗಿ ಒಂದು ಹಾಡು ಹಾಡಬೇಕು, ಹಾಡಲಾ? ಅದು ಇವತ್ತೇ ಆಗಬೇಕು. ಈಗಲೇ ಆಗಬೇಕು.

ಬಾರಿನ ಹುಡುಗಿ ಲೂಯಿಸ್‌ಗೆ ಅಭ್ಯಂತರ ಇಲ್ಲ. ಮಾಲೀಕ ಪ್ರೆಬೆನ್ ಮಾತ್ರ ಲೆಕ್ಕದ ಕಾಗದ ಹರಡಿಕೊಂಡು ಕೂತಿದ್ದಾನೆ. ತಲೆಬಿಸಿ. ‘ಆಗಲ್ಲ’ ಅಂದುಬಿಡುತ್ತಾನೆ.

ಇಷ್ಟೇ ರೀ ಕಥೆಯ ಗಂಟು! ಪಿಸ್ತೂಲಿಗಲ್ಲ, ಆಸ್ತಿಗಲ್ಲ, ಮೂರೂವರೆ ನಿಮಿಷದ ಒಂದು ಹಾಡಿಗೆ ಗಂಡಸೊಬ್ಬ ಅಂಗಲಾಚಬೇಕು. ಕಾಸು ಕೊಟ್ಟರೆ ವಿಸ್ಕಿ ಕೊಡುವ ಜಾಗದಲ್ಲಿ ಹಾಡು ಯಾಕೆ ಸಿಗೋಲ್ಲ? ಕೇಳೋದು ಅವನಿಗೆ ಯಾಕೆ ಅಷ್ಟು ಕಷ್ಟ? ಇದು ತಿಳೀಬೇಕಾದ್ರೆ ಆ ಜನ ಇರೋ ಊರಲ್ಲಿ ಒಂದು ಸುತ್ತು ಹಾಕಬೇಕು. ಬನ್ನಿ, ಕೋಪನ್‌ಹೇಗನ್‌ಗೆ ಹೋಗೋಣ. ವೀಸಾ ಬೇಡ, ಬಸ್ ಬರೋವರೆಗೆ ಪುಟ ತಿರುಗಿಸಿದರೆ ಸಾಕು!

ಸದ್ದಿಲ್ಲದ ರಾಜಧಾನಿ

ವಿಮಾನ ಇಳಿದ ಕೂಡಲೇ ಮೆಟ್ರೊ. 2002ರಲ್ಲಿ ಶುರುವಾದ ಈ ಮೆಟ್ರೊಗೆ ಡ್ರೈವರೇ ಇಲ್ಲ! ಮುಂದಿನ ಡಬ್ಬಿಯ ಮೊದಲ ಸೀಟು ಹಿಡಿದರೆ ಗಾಜಿನ ಆಚೆ ಸುರಂಗವೇ ನಮ್ಮ ಮೇಲೆ ನುಗ್ಗಿ ಬರುತ್ತೆ, ಥೇಟ್ ಸಿನಿಮಾ. ಆದರೆ ಪಕ್ಕದವನ ಕಡೆ ತಿರುಗಿ ‘ಏನ್ ಸಾರ್ ಯಾವೂರು’ ಅನ್ನೋಕೆ ಹೋಗಬೇಡಿ. ಇಲ್ಲಿ ಯಾರೂ ಯಾರನ್ನೂ ಮಾತಾಡಿಸಲ್ಲ. ಅದು ಜಂಬ ಅಲ್ಲ, ಮರ್ಯಾದೆ. ಇನ್ನೊಬ್ಬರ ನೆಮ್ಮದಿಗೆ ಭಂಗ ತರಬಾರದು ಅನ್ನೋ ಮರ್ಯಾದೆ. ದೂರದೂರಿಗೆ ಹೋಗುವ ರೈಲಿನಲ್ಲಂತೂ ಮೌನಕ್ಕೇ ಅಂತ ಬೇರೆ ಜಾಗ ಇದೆ. ಅಲ್ಲಿ ಫೋನ್ ಎತ್ತಿದರೆ ಜನ ತಿರುಗಿ ನೋಡ್ತಾರೆ.

ಇನ್ನೊಂದು ಸ್ವಾರಸ್ಯ. ಇಂಗ್ಲಿಷಿನ ‘ಪ್ಲೀಸ್’ ಇದೆಯಲ್ಲ, ಅದಕ್ಕೆ ಸರಿಸಮನಾದ ಒಂಟಿ ಪದ ಡ್ಯಾನಿಷ್ ಭಾಷೆಯಲ್ಲಿ ಇಲ್ಲ. ಸುತ್ತಿ ಬಳಸಿ ಹೇಳಬೇಕು, ಇಲ್ಲವೇ ದನಿಯಲ್ಲೇ ತೋರಿಸಬೇಕು. ನಮ್ಮಲ್ಲಿ ‘ದಯವಿಟ್ಟು’ ಇದೆ ಅಂತ ಬೀಗಬೇಡಿ ಮತ್ತೆ! ಅದು ಬೋರ್ಡಿನ ಮೇಲಿನ ಮಾತು. ಗೆಳೆಯನ ಹತ್ತಿರ ಐನೂರು ರೂಪಾಯಿ ಕೇಳೋವಾಗ ಯಾರು ‘ದಯವಿಟ್ಟು’ ಅಂತಾರೆ? ಗಂಟಲು ಸರಿ ಮಾಡ್ಕೋತೀವಿ, ಚಪ್ಪಲಿ ನೋಡ್ತೀವಿ, ‘ಮಗಾ...’ ಅಂತೀವಿ. ಕೇಳೋದು ಯಾವ ದೇಶದ ಗಂಡಸಿಗೂ ಸುಲಭ ಅಲ್ಲ.

ಚಳಿಗಾಲ ಬೇರೆ ಕೇಳಲೇಬೇಡಿ. ಡಿಸೆಂಬರಿನಲ್ಲಿ ಬೆಳಿಗ್ಗೆ ಎಂಟೂವರೆಗೆ ಎದ್ದ ಸೂರ್ಯ ಮಧ್ಯಾಹ್ನ ಮೂರೂಮುಕ್ಕಾಲಿನ ಒಳಗೇ ಮಲಗಿಬಿಡ್ತಾನೆ. ಮ್ಯಾಟಿನಿ ಬಿಟ್ಟು ಹೊರಗೆ ಬಂದರೆ ಸೆಕೆಂಡ್ ಶೋ ಬಿಟ್ಟ ಹಾಗೆ! ಜೂನಿನಲ್ಲಿ ಅದಕ್ಕೆ ತದ್ವಿರುದ್ಧ, ರಾತ್ರಿ ಹತ್ತರ ಹೊತ್ತಿಗೂ ಬೆಳಕು. ಕತ್ತಲ ತಿಂಗಳುಗಳಲ್ಲಿ ಜನ ಮನೆಯೊಳಗೆ ಮೇಣದಬತ್ತಿ ಹಚ್ಚಿಕೊಂಡು ಕೂರುತ್ತಾರೆ. ಎಷ್ಟೋ ಕಿಟಕಿಗಳಿಗೆ ಪರದೆ ಇಲ್ಲ. ಬೀದಿಯಲ್ಲಿ ಹೋಗೋರಿಗೆ ಒಳಗಿನ ದೀಪ, ಊಟದ ಮೇಜು, ಮುಖಗಳು ಎಲ್ಲ ಕಾಣುತ್ತೆ. ಕಾಣುತ್ತೆ, ಆದರೆ ಕೇಳಿಸಲ್ಲ. ಮೂಕಿ ಚಿತ್ರ ನೋಡಿದ ಹಾಗೆ.

ಮುಖವನ್ನು ಓದಿದ ಜನ

ಮೂಕಿ ಅಂದೆನಲ್ಲ, ಸುಮ್ಮನೆ ಅಂದದ್ದಲ್ಲ. ಮೂಕಿ ಕಾಲದಲ್ಲಿ ಈ ಪುಟ್ಟ ದೇಶ ಸಿನಿಮಾ ಲೋಕಕ್ಕೇ ಮೇಷ್ಟ್ರಾಗಿತ್ತು. 1906ರಲ್ಲಿ ಓಲೆ ಓಲ್ಸೆನ್ ಎಂಬಾತ ಶುರು ಮಾಡಿದ ‘ನಾರ್ಡಿಸ್ಕ್ ಫಿಲ್ಮ್’ ಇವತ್ತಿಗೂ ನಡೀತಿದೆ. ಭೂಗೋಳದ ಮೇಲೆ ನಿಂತ ಹಿಮಕರಡಿ ಅದರ ಗುರುತು. 1910ರಲ್ಲಿ ಆಸ್ಟಾ ನೀಲ್ಸೆನ್ ಎಂಬ ನಟಿ ‘ಆಫ್‌ಗ್ರುನ್ನೆನ್’ ಅನ್ನೋ ಚಿತ್ರದಲ್ಲಿ ಕಾಣಿಸಿಕೊಂಡಳು. ಪ್ರಪಾತ ಅಂತ ಅರ್ಥ. ಆಗಿನ ನಟ-ನಟಿಯರು ಎದೆ ಬಡಿದುಕೊಂಡು, ಕೈ ಬೀಸಿ ಅಭಿನಯ ಮಾಡ್ತಿದ್ದ ಕಾಲ. ಆಸ್ಟಾ ಸುಮ್ಮನೆ ನಿಂತಳು. ಕಣ್ಣಲ್ಲೇ ಮುಗಿಸಿದಳು. ಯೂರೋಪೇ ಹುಚ್ಚೆದ್ದು ನೋಡಿತು!

ಊರಿನ ಮುಖ್ಯ ರೈಲ್ವೆ ನಿಲ್ದಾಣದಿಂದ ಕಾಲ್ನಡಿಗೆಯಲ್ಲೇ ಟಾಕೀಸು ಯಾತ್ರೆ ಮಾಡಬಹುದು. ಮೊದಲು ಸಿಗೋದು ‘ಪಲಾಡ್ಸ್’. 1918ರ ಕಟ್ಟಡ. 1989ರಲ್ಲಿ ಪೌಲ್ ಗೆರ್ನೆಸ್ ಎಂಬ ಕಲಾವಿದ ಇಡೀ ಕಟ್ಟಡಕ್ಕೆ ಗುಲಾಬಿ, ನೀಲಿ, ಹಳದಿ ಅಂತ ಬಣ್ಣ ಬಳಿಸಿದಾಗ ಊರಿಗೆ ಊರೇ ಎರಡು ಪಾರ್ಟಿ ಆಯಿತು. ಅಲ್ಲೇ ಹತ್ತಿರ ‘ಡಾಗ್ಮಾರ್’. ಈ ಟಾಕೀಸಿನ ಉಸ್ತುವಾರಿ 1952ರಿಂದ ಸಾಯುವವರೆಗೆ, ಅಂದರೆ 1968ರವರೆಗೆ, ಯಾರ ಕೈಯಲ್ಲಿತ್ತು ಗೊತ್ತಾ? ಕಾರ್ಲ್ ಡ್ರೇಯರ್! 1928ರಲ್ಲಿ ಫ್ರಾನ್ಸಿನಲ್ಲಿ ‘ಪ್ಯಾಶನ್ ಆಫ್ ಜೋನ್ ಆಫ್ ಆರ್ಕ್’ ತೆಗೆದು, ಒಬ್ಬ ಹೆಣ್ಣುಮಗಳ ಕ್ಲೋಸಪ್ಪಿನಲ್ಲೇ ಇಡೀ ಚಿತ್ರ ನಿಲ್ಲಿಸಿದ ಮಹಾನುಭಾವ. ಅಷ್ಟು ದೊಡ್ಡ ನಿರ್ದೇಶಕ, ಹೊಟ್ಟೆಪಾಡಿಗೆ ಟಾಕೀಸು ನಡೆಸಿದ.

ಇದೇ ಡ್ರೇಯರ್ 1948ರಲ್ಲಿ ಒಂದು ಕಿರುಚಿತ್ರ ಮಾಡಿದ. ರಸ್ತೆ ಸುರಕ್ಷತೆಯ ಪ್ರಚಾರಕ್ಕೆ ಅಂತ ಸರ್ಕಾರ ಮಾಡಿಸಿದ್ದು. ಗಂಡು-ಹೆಣ್ಣು ಜೋಡಿ ಬೈಕಿನಲ್ಲಿ ಇನ್ನೊಂದು ದಡದ ಹಡಗು ಹಿಡಿಯೋಕೆ ಓಡ್ತಾ ಇದ್ದಾರೆ. ಸ್ಪೀಡು, ಸ್ಪೀಡು, ಇನ್ನೂ ಸ್ಪೀಡು! ಹೆಸರು ‘ಅವರು ಹಡಗು ಹಿಡಿದರು’ ಅಂತ. ಹಿಡಿದರು ನಿಜ, ಆದರೆ ಆ ಹಡಗು ಬೇರೆ. ಬೈಕ್ ಇರೋ ಪ್ರತಿ ಹುಡುಗನೂ ನೋಡಬೇಕಾದ್ದು. ಕಿರುಚಿತ್ರ ಅಂದರೆ ಬಡಪಾಯಿ ತಮ್ಮ ಅಲ್ಲ, ದೊಡ್ಡಣ್ಣನೂ ಕೈ ಹಾಕುವ ಕೆಲಸ ಅನ್ನೋ ಭಾವನೆ ಈ ದೇಶದಲ್ಲಿ ಆಗಲೇ ಇತ್ತು.

ಅಲ್ಲಿಂದ ನಡೆದು ಗೋದರ್ಸ್‌ಗೇಡ್ ಬೀದಿಗೆ ಬಂದರೆ ರಾಜನ ಉದ್ಯಾನದ ಎದುರು ‘ಫಿಲ್ಮ್‌ಹುಸೆಟ್’, ಅಂದರೆ ಸಿನಿಮಾ ಮನೆ. ಡೆನ್ಮಾರ್ಕಿನ ಫಿಲ್ಮ್ ಇನ್‌ಸ್ಟಿಟ್ಯೂಟ್ ಇರೋದು ಇಲ್ಲೇ. ಒಳಗೆ ಮೂರು ಪುಟ್ಟ ಥಿಯೇಟರುಗಳು. ಅವುಗಳ ಹೆಸರು ಆಸ್ಟಾ, ಬೆಂಜಮಿನ್, ಕಾರ್ಲ್. ಎ, ಬಿ, ಸಿ! ಆಸ್ಟಾ ನೀಲ್ಸೆನ್, ಬೆಂಜಮಿನ್ ಕ್ರಿಸ್ಟೆನ್ಸೆನ್, ಕಾರ್ಲ್ ಡ್ರೇಯರ್. ತಮ್ಮ ಸಿನಿಮಾದ ಅಕ್ಷರಮಾಲೆಯನ್ನೇ ಬಾಗಿಲ ಮೇಲೆ ಬರೆದುಕೊಂಡಿದ್ದಾರೆ.

ಸುಮಾರು 60 ಲಕ್ಷ ಜನಸಂಖ್ಯೆಯ ದೇಶ. ಆದರೂ ಕಿರುಚಿತ್ರದ ಆಸ್ಕರ್ ಅಂದರೆ ಇವರು ಹಾಜರ್. 1999ರಲ್ಲಿ ‘ಎಲೆಕ್ಷನ್ ನೈಟ್’ ಗೆದ್ದಿತು. 2003ರಲ್ಲಿ ‘ದಿಸ್ ಚಾರ್ಮಿಂಗ್ ಮ್ಯಾನ್’ ಗೆದ್ದಿತು. ಅದರ ನಿರ್ದೇಶಕ ಯಾರು ಅಂತೀರಿ? ನಮ್ಮ ಇದೇ ಸ್ಟ್ರಾಂಗೆ-ಹ್ಯಾನ್ಸೆನ್! 2014ರಲ್ಲಿ ‘ಹೀಲಿಯಂ’ ಗೆದ್ದಿತು. ಸಾಯುತ್ತಿರುವ ಒಬ್ಬ ಹುಡುಗನಿಗೆ ಆಸ್ಪತ್ರೆಯ ಕೆಲಸದವನು ಕಥೆ ಹೇಳುತ್ತ ಹೇಳುತ್ತ ಭಯ ಬಿಡಿಸುವ ಚಿತ್ರ ಅದು. ‘ಹೀಲಿಯಂ’ ಆಗಲಿ ‘ಆನ್ ಮೈ ಮೈಂಡ್’ ಆಗಲಿ, ಅಪರಿಚಿತರು ಒಬ್ಬರಿಗೊಬ್ಬರು ಏನಾಗಬಹುದು ಅನ್ನೋದೇ ಅವುಗಳ ವಿಷಯ. ಮೆಟ್ರೊದಲ್ಲಿ ಮಾತಾಡದ ಜನ, ಪರದೆಯ ಮೇಲೆ ಮಾತಾಡೋಕೆ ದಾರಿ ಹುಡುಕ್ತಾರೆ!

ಬೊಡೇಗಾ ಎಂಬ ಮರದ ಗುಹೆ

ಗೋದರ್ಸ್‌ಗೇಡ್ ಬೀದಿ ಉದ್ದಕ್ಕೂ ನಡೆದರೆ ಕೆರೆಗಳು ಸಿಗುತ್ತವೆ. ಪಕ್ಕದ ರಾಣಿ ಲೂಯಿಸಾ ಸೇತುವೆ ದಾಟಿದರೆ ನೊರ್ರೆಬ್ರೊ. ಸೇತುವೆ ಮೇಲೆ ಸೈಕಲ್ಲುಗಳ ಜಾತ್ರೆ. ಮಂತ್ರಿಯೋ ಮೇಷ್ಟ್ರೋ ಗೊತ್ತಾಗಲ್ಲ, ಎಲ್ಲರೂ ಪೆಡಲ್ ತುಳಿಯೋರೇ. ಆಚೆ ದಡದ ಬೀದಿಗಳಲ್ಲಿ ಬೊಡೇಗಾಗಳು. ಬೊಡೇಗಾ ಅಂದರೆ ಹಳೇ ಕಾಲದ ಬೀದಿ ಬಾರು. ಕಂದು ಬಣ್ಣದ ಮರದ ಗೋಡೆ, ಮಬ್ಬು ದೀಪ, ಹಗಲಲ್ಲೂ ಒಳಗೆ ಸಂಜೆ. 2007ರ ಕಾನೂನು ಹೋಟೆಲು ಬಾರುಗಳಲ್ಲಿ ಸಿಗರೇಟನ್ನು ನಿಲ್ಲಿಸಿತು. ಆದರೆ 40 ಚದರ ಮೀಟರಿಗಿಂತ ಚಿಕ್ಕ ಬಾರುಗಳಿಗೆ ವಿನಾಯಿತಿ ಕೊಟ್ಟಿತು. ಹಾಗಾಗಿ ಕೆಲವು ಬೊಡೇಗಾಗಳ ಬಾಗಿಲು ತೆಗೆದರೆ ಹೊಗೆಯೇ ಮೊದಲು ಸ್ವಾಗತಿಸೋದು.

ಬೆಳಿಗ್ಗೆಯೇ ಒಬ್ಬಿಬ್ಬರು ಮುದುಕರು ಬಂದು ಕೂತಿರುತ್ತಾರೆ. ಮಾತು ಕಡಿಮೆ. ಕೌಂಟರಿನಲ್ಲಿ ಚರ್ಮದ ಬಟ್ಟಲು, ಒಳಗೆ ದಾಳಗಳು. ‘ಮೇಯರ್’ ಅಂತ ಒಂದು ಆಟ. ಎರಡು ದಾಳ ಬಟ್ಟಲಲ್ಲಿ ಕುಲುಕಿ ಬೋರಲು ಹಾಕಬೇಕು. ತಾನೊಬ್ಬನೇ ಇಣುಕಿ ನೋಡಿ ಒಂದು ಸಂಖ್ಯೆ ಹೇಳಬೇಕು. ನಿಜವಾದರೂ ಸರಿ, ಸುಳ್ಳಾದರೂ ಸರಿ. ಪಕ್ಕದವನು ಒಂದೋ ನಂಬಬೇಕು, ಇಲ್ಲ ಬಟ್ಟಲು ಎತ್ತಿ ನೋಡಬೇಕು. ಈ ಆಟ ನೆನಪಿಟ್ಟುಕೊಳ್ಳಿ, ಆಮೇಲೆ ಕೆಲಸಕ್ಕೆ ಬರುತ್ತೆ.

ಇಂಥ ಬಾರಿಗೆ ಜಪಾನಿನಿಂದ ಬಂದ ಅತಿಥಿ ಕ್ಯಾರಿಯೋಕೆ. ಶುಕ್ರವಾರ ಶನಿವಾರ ರಾತ್ರಿ ಗ್ಲಾಸು ಏರಿದ ಮೇಲೆ ಗಂಟಲೂ ಏರುತ್ತೆ. ಕುಡಿದಾಗ ಹಾಡಿದರೆ ತಮಾಷೆ, ಎಲ್ಲರೂ ಚಪ್ಪಾಳೆ. ಬೆಳ್ಳಂಬೆಳಗ್ಗೆ, ನೆಟ್ಟಗಿರೋವಾಗ, ಒಬ್ಬನೇ ಬಂದು ‘ಹೆಂಡತಿಗೆ ಹಾಡಬೇಕು’ ಅಂದರೆ? ಅದು ತಮಾಷೆ ಅಲ್ಲ. ಎಲ್ಲರಿಗೂ ಇರುಸುಮುರುಸು. ಹೆನ್ರಿಕ್ ಮಾಡಿದ್ದು ಆ ಊರಿನ ಲೆಕ್ಕದಲ್ಲಿ ಎಂಥ ಧೈರ್ಯದ ಕೆಲಸ ಅಂತ ಈಗ ಗೊತ್ತಾಯ್ತಲ್ಲ?

ಹಾಡು ಯಾವುದು, ಯಾಕೆ?

ಕಥೆ ಪೂರ್ತಿ ಗೊತ್ತಾದ್ರೆ ಮಜಾ ಹೋಗುತ್ತೆ ಅನ್ನೋರು ಇಲ್ಲಿಂದ ಮುಂದೆ ಓದೋದು ಬಿಟ್ಟು ಮೊದಲು ಚಿತ್ರ ನೋಡಿ ಬನ್ನಿ. 18 ನಿಮಿಷ ತಾನೆ? ನಾವು ಕಾಯ್ತೀವಿ.

ಹೆನ್ರಿಕ್ ಹಾಡಬೇಕು ಅಂತಿರೋ ಹಾಡು ‘ಆಲ್‌ವೇಸ್ ಆನ್ ಮೈ ಮೈಂಡ್’. 1972ರಲ್ಲಿ ಎಲ್ವಿಸ್ ಪ್ರೀಸ್ಲಿ ಇದನ್ನು ಹಾಡಿದ. ಹೆಂಡತಿ ಪ್ರಿಸಿಲಾಳಿಂದ ಬೇರೆಯಾಗಿ ಇನ್ನೂ ಸ್ವಲ್ಪ ದಿನ ಆಗಿದ್ದ ಸಮಯ! 1982ರಲ್ಲಿ ವಿಲ್ಲಿ ನೆಲ್ಸನ್ ಹಾಡಿ ಮತ್ತೆ ಮನೆಮಾತು ಮಾಡಿದ. ಹಾಡಿನ ಅರ್ಥ ಸರಳ. ನಿನಗೆ ಹೇಳಬೇಕಿದ್ದ ಮಾತು ಹೇಳಲಿಲ್ಲ, ಮಾಡಬೇಕಿದ್ದ ಸಣ್ಣ ಸಣ್ಣ ಕೆಲಸ ಮಾಡಲಿಲ್ಲ, ಆದರೆ ಮನಸ್ಸಿನಲ್ಲಿ ಇದ್ದವಳು ನೀನೇ ಅಂತ ಗಂಡಸೊಬ್ಬ ತಪ್ಪೊಪ್ಪಿಕೊಳ್ಳೋದು.

ಮಾಲೀಕ ಬೇಡ ಅಂದರೂ ಹೆನ್ರಿಕ್ ಬಿಡಲ್ಲ. ಲೂಯಿಸ್ ಅವನ ಪರ. ಪ್ರೆಬೆನ್‌ಗೆ ಸಿಟ್ಟು. ಹಾಡು ಫೋನಿನಲ್ಲಿ ರೆಕಾರ್ಡ್ ಆಗಬೇಕು, ಯಾಕಂದ್ರೆ ಹೆಂಡತಿ ಇಲ್ಲಿಗೆ ಬರೋ ಹಾಗಿಲ್ಲ. ಕೊನೆಗೆ ಹೊರಗೆ ಬೀಳುತ್ತೆ ನಿಜ. ಅವಳು ಆಸ್ಪತ್ರೆಯಲ್ಲಿ ಉಸಿರಾಟದ ಯಂತ್ರದ ಮೇಲಿದ್ದಾಳೆ. ಇವತ್ತು ಯಂತ್ರ ನಿಲ್ಲಿಸ್ತಾರೆ.

ಪ್ರೆಬೆನ್‌ನ ಮುಖ ಬದಲಾಗುತ್ತೆ. ಹಾಡು ಸಿಗುತ್ತೆ.

ರಾಸ್ಮುಸ್ ಹ್ಯಾಮರಿಕ್ ಎಂಬ ನಟ ಆ ಹಾಡು ಹಾಡೋದನ್ನ ನೋಡಬೇಕು ನೀವು! ಅದು ಸ್ಪರ್ಧೆಯಲ್ಲಿ ಮೆಡಲ್ ಹೊಡೆಯೋ ಕಂಠ ಅಲ್ಲ. ಇಡೀ ಮೈ ಕಂಬದ ಹಾಗೆ ನಿಂತಿರುತ್ತೆ, ದನಿ ಮಾತ್ರ ಕೆಲಸ ಮಾಡುತ್ತೆ. ಆಸ್ಟಾ ನೀಲ್ಸೆನ್ ಹಾಕಿಕೊಟ್ಟ ದಾರಿ ನೂರು ವರ್ಷ ದಾಟಿ ಇಲ್ಲಿಗೂ ಬಂದಿದೆ.

ಆಮೇಲೆ ಆಸ್ಪತ್ರೆ. ಕೋಪನ್‌ಹೇಗನ್‌ನಲ್ಲಿ ಆಸ್ಪತ್ರೆ ಅಂದರೆ ಸಿನಿಮಾ ಹುಚ್ಚರಿಗೆ ನೆನಪಾಗೋದು ‘ರಿಗ್ಸ್‌ಹಾಸ್ಪಿಟಲ್’. ನೊರ್ರೆಬ್ರೊದಿಂದ ಬ್ಲೆಗ್‌ಡಾಮ್ಸ್‌ವೈ ರಸ್ತೆ ಹಿಡಿದರೆ ಸೀದಾ ಸಿಗುವ ದೊಡ್ಡ ಬೂದು ಕಟ್ಟಡ. ಲಾರ್ಸ್ ವಾನ್ ಟ್ರಿಯರ್ 1994ರಲ್ಲಿ ‘ರೀಗೆಟ್’ ಎಂಬ ಧಾರಾವಾಹಿ ಮಾಡಿ ಇದರೊಳಗೆ ದೆವ್ವ ಕುಣಿಸಿದ. ಸ್ಟ್ರಾಂಗೆ-ಹ್ಯಾನ್ಸೆನ್‌ನ ಆಸ್ಪತ್ರೆ ಕೋಣೆಯಲ್ಲಿ ದೆವ್ವವಿಲ್ಲ. ಹಾಸಿಗೆ, ಯಂತ್ರ, ಒಬ್ಬ ಗಂಡ, ಅವನ ಫೋನಿನಲ್ಲಿ ಒಂದು ಹಾಡು. ತನ್ನ ಪುಟ್ಟ ಮಗಳನ್ನು ಕಳೆದುಕೊಂಡ ನೋವು ಈ ಚಿತ್ರದ ಹಿಂದಿದೆ ಅಂತ ನಿರ್ದೇಶಕರೇ ಹೇಳಿಕೊಂಡಿದ್ದಾರೆ. ಅದಕ್ಕೇ ಇರಬೇಕು, ಆ ಕೋಣೆಯಲ್ಲಿ ಕ್ಯಾಮೆರಾ ಅಳಿಸೋಕೆ ಅವಸರ ಮಾಡಲ್ಲ.

ಬಟ್ಟಲು ಎತ್ತದೆ ನಂಬಿದವಳು

ಈ ಚಿತ್ರ ನೋಡಿದವರೆಲ್ಲ ಹೆನ್ರಿಕ್‌ಗಾಗಿ ಕಣ್ಣೀರು ಹಾಕ್ತಾರೆ. ಹಾಕಲಿ. ನಾನು ಹೇಳಬೇಕು ಅಂತಿರೋದು ಲೂಯಿಸ್ ವಿಷಯ.

ಪ್ರೆಬೆನ್ ಕೆಟ್ಟವನಲ್ಲ, ಖಳನಾಯಕ ಅಲ್ಲವೇ ಅಲ್ಲ. ಕಾರಣ ಗೊತ್ತಾದ ಕೂಡಲೇ ಕರಗಿದ. ಕಾರಣ ಗೊತ್ತಾದ ಮೇಲೆ ಯಾರು ಕರಗಲ್ಲ ಹೇಳಿ? ಕಲ್ಲೂ ಕರಗುತ್ತೆ. ದಾಳದ ಆಟದಲ್ಲಿ ಬಟ್ಟಲು ಎತ್ತಿ ಸಂಖ್ಯೆ ನೋಡಿ ‘ಹೌದಪ್ಪ, ನಿಜ’ ಅಂದ ಹಾಗೆ. ಆದರೆ ಲೂಯಿಸ್ ಬಟ್ಟಲು ಎತ್ತಲಿಲ್ಲ. ಹೆಂಡತಿ ಎಲ್ಲಿ, ಏನಾಯ್ತು, ಇವತ್ತೇ ಯಾಕೆ, ಯಾವುದೂ ಗೊತ್ತಿಲ್ಲದೇನೇ ಹಾಡೋಕೆ ಬಿಟ್ಟಳು. ಎದುರಿಗೆ ನಿಂತವನ ಮುಖ ನೋಡಿದಳು, ಅಷ್ಟೇ ಸಾಕಾಯ್ತು. ಕಮಿಲ್ಲಾ ಬೆಂಡಿಕ್ಸ್ ಆ ಪಾತ್ರ ಮಾಡಿರೋ ರೀತಿ ಎಷ್ಟು ಹಗುರ ಅಂದ್ರೆ, ಅವಳು ದೊಡ್ಡ ಉಪಕಾರ ಮಾಡ್ತಿದಾಳೆ ಅಂತ ನಮಗೆ ಅನ್ನಿಸೋದೇ ಇಲ್ಲ.

ಮರ್ಯಾದೆಗಾಗಿ ಯಾರೂ ಯಾರನ್ನೂ ಕೆದಕದ ಊರು ಅದು. ಅಲ್ಲಿ ದುಃಖ ಇರೋನು ಬಾಯಿ ಬಿಟ್ಟು ಕಾರಣ ಹೇಳಬೇಕು ಅಂದರೆ ಅರ್ಧ ಪ್ರಾಣ ಹೋಗುತ್ತೆ. ಕಾರಣ ಹೇಳಿದ ಮೇಲೇ ಸಹಾಯ ಅಂದರೆ, ಮೊದಲೇ ಬಿದ್ದವನು ಎಲ್ಲರ ಮುಂದೆ ಗಾಯ ಬಿಚ್ಚಿ ತೋರಿಸಿದ ಹಾಗೆ. ಲೂಯಿಸ್ ಅವನಿಗೆ ಆ ಕಷ್ಟ ಕೊಡಲಿಲ್ಲ.

ಇದೇ ಜಾಡಿನಲ್ಲಿ 2022ರಲ್ಲಿ ಇನ್ನೊಂದು ಡ್ಯಾನಿಷ್ ಕಿರುಚಿತ್ರ ಬಂತು. ಲಾಸೆ ಲಿಸ್ಕೇರ್ ನೋರ್ ನಿರ್ದೇಶನದ ‘ನೈಟ್ ಆಫ್ ಫಾರ್ಚೂನ್’. 2024ರ ಆಸ್ಕರ್‌ಗೆ ನಾಮಕರಣ ಆಗಿತ್ತು, ಪ್ರಶಸ್ತಿ ವೆಸ್ ಆಂಡರ್ಸನ್ ಪಾಲಾಯ್ತು. ಕಾರ್ಲ್ ಎಂಬ ಮುದುಕ ಶವಾಗಾರಕ್ಕೆ ಬಂದಿದ್ದಾನೆ. ಹೆಂಡತಿಯ ಶವಪೆಟ್ಟಿಗೆ ಎದುರಿಗಿದೆ. ಅದನ್ನ ನೋಡೋ ಧೈರ್ಯ ಇಲ್ಲ. ಕೋಣೆಯಲ್ಲಿ ಒಂದು ದೀಪ ಕೆಟ್ಟಿದೆ. ಅದನ್ನ ರಿಪೇರಿ ಮಾಡೋಕೆ ಕೂರ್ತಾನೆ! ನೋಡಿ, ಎಂಥ ಗಂಡಸಿನ ಬುದ್ಧಿ. ಅಳೋ ಬದಲು ಸ್ಕ್ರೂ ತಿರುಗಿಸೋದು. ಅಲ್ಲಿ ಟಾರ್ಬೆನ್ ಎಂಬ ಇನ್ನೊಬ್ಬ ಮುದುಕ ಸಿಗ್ತಾನೆ. ಎಲ್ಲಿ ಗೊತ್ತಾ? ಕಕ್ಕಸಿನಲ್ಲಿ! ಪಕ್ಕದ ಕೋಣೆಯಿಂದ ಕಾಗದ ಕೇಳ್ತಾನೆ. ಆಮೇಲೆ, ನನ್ನ ಜೊತೆ ಸ್ವಲ್ಪ ಬರ್ತೀರಾ, ಒಬ್ಬನೇ ಹೋಗೋಕಾಗಲ್ಲ ಅಂತಾನೆ. ನಗು ಬರುತ್ತೆ, ಗಂಟಲೂ ಕಟ್ಟುತ್ತೆ. ಅಲ್ಲೂ ಅದೇ ಸಂಗತಿ. ಒಬ್ಬ ಕೇಳಿದ, ಇನ್ನೊಬ್ಬ ಜಾಸ್ತಿ ಪ್ರಶ್ನೆ ಹಾಕದೆ ಎದ್ದು ಹೋದ.

ಎರಡೂ ಚಿತ್ರಗಳನ್ನು ಅಮೆರಿಕದ ‘ದಿ ನ್ಯೂಯಾರ್ಕರ್’ ಪತ್ರಿಕೆ ಇಂಟರ್ನೆಟ್ಟಿನಲ್ಲಿ ತೋರಿಸಿತ್ತು. ಹುಡುಕಿ ನೋಡಿ. ಮೊಬೈಲಿನಲ್ಲಿ ನೋಡಿದರೂ ಪರವಾಗಿಲ್ಲ, ಆದರೆ ಇಯರ್‌ಫೋನ್ ಹಾಕ್ಕೊಳ್ಳಿ. ಹೆನ್ರಿಕ್ ಹಾಡೋಕೆ ಮುಂಚೆ ಒಂದು ಸಲ ಉಸಿರು ಎಳ್ಕೋತಾನೆ. ಅದು ಕೇಳಿಸಬೇಕು.

ಇನ್ನು ನಿಮ್ಮ ಬಸ್ಸು ಬರೋ ಹೊತ್ತಾಯ್ತು. ಒಂದು ಮಾತು ಹೇಳಿ ಬಿಡ್ತೀನಿ. ಯಾವತ್ತೋ ಒಂದು ರಾತ್ರಿ ಗೆಳೆಯನೊಬ್ಬ ನಿಮ್ಮ ರೂಮಿನ ಬಾಗಿಲು ತಟ್ಟುತ್ತಾನೆ. ‘ಸೆಕೆಂಡ್ ಶೋಗೆ ಹೋಗೋಣ ನಡಿಯೋ’ ಅಂತಾನೆ. ನಿಮಗೆ ನಿದ್ದೆ, ಬೆಳಿಗ್ಗೆ ಕೆಲಸ, ಆ ಚಿತ್ರ ಆಗಲೇ ಎರಡು ಸಲ ನೋಡಿದ್ದಾಗಿದೆ. ‘ನಾಳೆ ಹೋಗೋಣ ಬಿಡೋ’ ಅಂತೀರಿ. ಅವನು ಚಪ್ಪಲಿ ನೋಡ್ತಾ ‘ಇಲ್ಲ ಮಗಾ, ಇವತ್ತೇ’ ಅಂತಾನೆ. ಆಗ ಯಾಕೆ, ಏನು ಅಂತ ಕೇಳೋಕೆ ಹೋಗಬೇಡಿ. ಅಂಗಿ ಹಾಕ್ಕೊಂಡು ಹೊರಡಿ.